ಬಾಗಿಲಿಲ್ಲದ ಬನ

ಆ ದ್ವೀಪದ ಹೆಸರು ರೋಕ್. ಅಲ್ಲೊಂದು ಬನವಿದೆ. ಊರಿನವರಿಗೆ, ಹೊಲದಲ್ಲಿ ದುಡಿಯುವವರಿಗೆ, ಪಾಠಕ್ಕೆಂದು ಬಂದ ಹುಡುಗರಿಗೆ, ಎಲ್ಲರಿಗೂ ಅದು ಕಾಣುತ್ತದೆ. ಆದರೆ ಯಾವಾಗಲೂ ಸ್ವಲ್ಪ ದೂರದಲ್ಲೇ. ಎತ್ತರದ ಮರಗಳು. ಚಿಗುರುವ ಕಾಲದಲ್ಲೂ ಹಸಿರಿನೊಳಗೆ ಹೊನ್ನಿನ ಛಾಯೆ ಇಟ್ಟುಕೊಂಡಿರುವ ಎಲೆಗಳು. ಹೊರಗಿನಿಂದ ನೋಡಿದರೆ ಒಂದು ಸಣ್ಣ ತೋಪು, ಒಳಗೆ ಕಾಲಿಟ್ಟರೆ ನಡೆದಷ್ಟೂ ಮುಗಿಯದ ಕಾಡು. ಒಮ್ಮೆ ಕಂಡ ಜಾಗದಲ್ಲಿ ಮತ್ತೊಮ್ಮೆ ಇರುವುದಿಲ್ಲ, ಮರಗಳು ಜಾಗ ಬದಲಿಸುತ್ತವೆ ಎಂದು ಅಲ್ಲಿನವರು ನಂಬಿದ್ದಾರೆ. ಆ ಮರಗಳು ಸತ್ತ ದಿನ ಕಡಲು ಉಕ್ಕಿ ದ್ವೀಪಗಳನ್ನೆಲ್ಲ ನುಂಗಿಬಿಡುತ್ತದೆ ಎಂಬ ಮಾತೂ ಇದೆ.

ಈ ರೋಕ್ ದ್ವೀಪವನ್ನು ಶಾಲೆಯ ಭೂಪಟದಲ್ಲಿ ಹುಡುಕಬೇಡಿ. ಅಮೆರಿಕದ ಲೇಖಕಿ ಉರ್ಸುಲಾ ಲೆ ಗ್ವಿನ್ ಅವರು ಕಥೆ ಬರೆಯುವುದಕ್ಕೂ ಮೊದಲು ಒಂದು ದೊಡ್ಡ ಹಾಳೆಯ ಮೇಲೆ ದ್ವೀಪಗಳನ್ನು ಚಿತ್ರಿಸಿಕೊಂಡರಂತೆ. ಅದೇ ಅರ್ತ್‌ಸೀ. ಆಮೇಲೆ 1968ರಿಂದ 2001ರವರೆಗೆ, ಮೂವತ್ತಮೂರು ವರ್ಷಗಳಲ್ಲಿ, ಐದು ಕಾದಂಬರಿಗಳನ್ನೂ ಒಂದು ಕಥಾಸಂಕಲನವನ್ನೂ ಆ ದ್ವೀಪಗಳ ಮೇಲೆ ಬರೆದರು. ಅವರು ಹುಟ್ಟಿದ್ದು 1929ರಲ್ಲಿ, ತೀರಿಕೊಂಡದ್ದು 2018ರಲ್ಲಿ. ಮೂರು ಮಕ್ಕಳ ತಾಯಿ. ಈ ವಿವರವನ್ನು ನಾನು ಸುಮ್ಮನೆ ಹೇಳುತ್ತಿಲ್ಲ, ಮುಂದೆ ಬೇಕಾಗುತ್ತದೆ.

ಮಾಂತ್ರಿಕರ ಕಥೆ, ಡ್ರ್ಯಾಗನ್ನುಗಳ ಕಥೆ ನಮಗೇಕೆ ಎಂದು ನೀವು ಪುಟ ತಿರುಗಿಸುವ ಮುನ್ನ ಒಂದು ಮಾತು. ಅದ್ಭುತ ಲೋಕದ ಕಥೆಗಳಲ್ಲಿ ಬರುವ ನಿಸರ್ಗದ ವಿಸ್ಮಯಗಳು ಸಾಮಾನ್ಯವಾಗಿ ನಾಟಕದ ಪರದೆಯ ಹಾಗೆ. ಹೊಳೆಯುವ ಗುಹೆ, ಮಾತಾಡುವ ಮರ, ಮೇಲ್ಮುಖವಾಗಿ ಹರಿಯುವ ನೀರು. ನಾಯಕ ಅದರ ಮುಂದೆ ನಿಂತು ಬೆರಗಾಗಿ ಮುಂದೆ ಹೋಗುತ್ತಾನೆ, ಪರದೆ ಮೇಲೇರುತ್ತದೆ, ಇನ್ನೊಂದು ಪರದೆ ಇಳಿಯುತ್ತದೆ. ಲೆ ಗ್ವಿನ್ ಅವರ ಬನ ಹಾಗಲ್ಲ. ಮೊದಲ ಪುಸ್ತಕದಲ್ಲಿ ಅದಕ್ಕೆ ಸಿಕ್ಕಿದ್ದು ಕೆಲವೇ ವಾಕ್ಯಗಳು. ಮೂಲೆಯಲ್ಲಿ ನಿಂತಿದ್ದ ಅದೇ ಬನ ಇಪ್ಪತ್ತೆರಡು ವರ್ಷಗಳ ಬಳಿಕ ತನ್ನನ್ನು ನೆಟ್ಟ ಲೇಖಕಿಯನ್ನೇ ಪ್ರಶ್ನೆ ಕೇಳತೊಡಗಿತು. ಒಂದು ಕಲ್ಪನೆಯ ಕಾಡು ತನ್ನ ಕರ್ತೃವನ್ನು ತಿದ್ದಿದ ಬಗೆ ನನಗೆ ಆ ಪುಸ್ತಕಗಳ ಎಲ್ಲ ಮಂತ್ರಗಳಿಗಿಂತ ದೊಡ್ಡ ವಿಸ್ಮಯವಾಗಿ ಕಾಣುತ್ತದೆ.

ಮೊದಲು ಹೆಸರಿನ ವಿಚಾರ. ಮೂಲದಲ್ಲಿ ಅದಕ್ಕೆ ಇಮ್ಮನೆಂಟ್ ಗ್ರೋವ್ ಎಂದು ಹೆಸರು. ನಿಘಂಟು ತೆಗೆದರೆ 'ಅಂತರ್ಗತ', 'ಅಂತಸ್ಥ' ಎಂಬ ಒಣ ಶಬ್ದಗಳು ಸಿಗುತ್ತವೆ. ನಾನು ಅದನ್ನು ಮನಸ್ಸಿನಲ್ಲಿ 'ಅಂತರ್ಯಾಮಿ ಬನ' ಎಂದು ಕರೆದುಕೊಂಡೆ. ತೋಪು ಎಂದರೆ ಮಾವಿನ ತೋಪಿನ ನೆನಪಾಗುತ್ತದೆ. ಬನ ಎಂದರೆ ನಾಗಬನದ ಹಾಗೆ, ಕೊಡಲಿ ತಾಗದ, ದನಿ ತಗ್ಗಿಸಿ ಹೋಗಬೇಕಾದ ಜಾಗ. ಅಂತರ್ಯಾಮಿ ಎಂದ ಕೂಡಲೇ ಬೃಹದಾರಣ್ಯಕ ಉಪನಿಷತ್ತು ನೆನಪಾಯಿತು. ಅದರ ಹೆಸರಿನಲ್ಲೇ ದೊಡ್ಡ ಅರಣ್ಯವಿದೆ ನೋಡಿ. ಜನಕನ ಸಭೆಯಲ್ಲಿ ಯಾಜ್ಞವಲ್ಕ್ಯ ಉದ್ದಾಲಕನಿಗೆ ಅಂತರ್ಯಾಮಿಯ ವಿಚಾರ ಹೇಳುವುದು ಅಲ್ಲೇ. ಅದರ ಹಿಂದೆ ಒಮ್ಮೆ, ಮುಂದೆ ಒಮ್ಮೆ ಎದ್ದು ನಿಂತು ಪ್ರಶ್ನೆ ಕೇಳುವವಳು ಗಾರ್ಗಿ. ಇದೆಲ್ಲ ಯಾವುದರಲ್ಲಿ ಹಾಸುಹೊಕ್ಕಾಗಿದೆ ಎಂಬುದು ಅವಳ ಪ್ರಶ್ನೆ. ನೇಯ್ಗೆಯ ಮಾತು. ಮೊದಲ ಸಲ ಅತಿಯಾಗಿ ಕೇಳಬೇಡ, ತಲೆ ಉರುಳೀತು ಎಂಬ ಉತ್ತರ ಬರುತ್ತದೆ. ಅವಳು ಸುಮ್ಮನಾಗುತ್ತಾಳೆ, ಮತ್ತೆ ಏಳುತ್ತಾಳೆ. ಲೆ ಗ್ವಿನ್ ಅವರ ಬನದಲ್ಲಿ ಇರುವವನೂ ಇಂಥ ಹಾಸುಹೊಕ್ಕನ್ನು ಓದುವವನೇ, ವಿನ್ಯಾಸದ ಗುರು ಎಂದು ಅವನ ಪದವಿ. ಮರಗಳ ಬೇರು, ಎಲೆ, ನೆರಳು ಹೆಣೆದುಕೊಂಡಿರುವ ರೀತಿಯಲ್ಲಿ ಲೋಕದ ಹೆಣಿಗೆಯನ್ನು ಅವನು ಕಾಣುತ್ತಾನೆ. ಲೆ ಗ್ವಿನ್ ಅವರ ಒಲವು ಇದ್ದದ್ದು ಚೀನಾದ ತಾವೋ ಕಡೆಗೆ; 1997ರಲ್ಲಿ ತಾವೋ ತೆ ಚಿಂಗ್‌ಗೆ ಅವರದೇ ಇಂಗ್ಲಿಷ್ ರೂಪ ಕೊಟ್ಟರು. ಗಾರ್ಗಿಯನ್ನು ಆ ಮರಗಳ ಕೆಳಗೆ ಕರೆತಂದವಳು ನಾನು. ಆದರೆ ಕರೆತಂದ ಮೇಲೆ ಅವಳು ಅಲ್ಲಿ ಅಪರಿಚಿತಳಾಗಿ ಕಾಣಲಿಲ್ಲ.

ರೋಕ್ ದ್ವೀಪದಲ್ಲಿ ಬನವಲ್ಲದೆ ಇನ್ನೊಂದು ಇದೆ. ಅದು ಮಹಾಗೃಹ, ಮಾಂತ್ರಿಕರ ಶಾಲೆ. ಅದಕ್ಕೊಂದು ಬಾಗಿಲು, ಬಾಗಿಲಿಗೊಬ್ಬ ದ್ವಾರಪಾಲಕ. ಒಂಬತ್ತು ಗುರುಗಳು, ಎಲ್ಲರೂ ಗಂಡಸರು. ಕಲಿಯಲು ಬರುವವರೆಲ್ಲ ಹುಡುಗರು. ಮೊದಲ ಕಾದಂಬರಿ 'ಎ ವಿಝರ್ಡ್ ಆಫ್ ಅರ್ತ್‌ಸೀ'ಯ ನಾಯಕ ಗೆಡ್ ಎಂಬ ಹುಡುಗ ಗಾಂಟ್ ಎಂಬ ಬೆಟ್ಟದ ದ್ವೀಪದವನು, ಮೇಕೆ ಕಾಯುತ್ತಿದ್ದವನು, ನಮ್ಮ ಹಾಗೆ ಕಂದು ಬಣ್ಣದವನು. ಅವನಿಗೆ ಮೊತ್ತಮೊದಲ ಮಂತ್ರ ಕಲಿಸಿದ್ದು ಊರಿನ ಮಾಟಗಾತಿಯಾದ ಅವನ ಚಿಕ್ಕಮ್ಮ. ಆದರೂ ಆ ದ್ವೀಪದ ಗಾದೆಗಳು ಹೆಂಗಸಿನ ಮಂತ್ರವನ್ನು ದುರ್ಬಲವೆಂದೂ ದುಷ್ಟವೆಂದೂ ಜರೆಯುತ್ತವೆ. ಗಾದೆ ಕಟ್ಟಿದವರು ಯಾರು ಎಂದು ಆ ಪುಸ್ತಕ ಕೇಳುವುದಿಲ್ಲ. ಚಿಕ್ಕಮ್ಮ ಎರಡು ಅಕ್ಷರ ಕಲಿಸಿ ಹಿಂದೆ ಸರಿಯುತ್ತಾಳೆ, ಹುಡುಗ ದೊಡ್ಡ ಶಾಲೆಗೆ ಹೋಗುತ್ತಾನೆ. ಇದು ನಾವು ಕಾಣದ ಕಥೆಯೇ?

ಮಂತ್ರದಿಂದಲೇ ಎಲ್ಲವೂ ನಡೆಯುವ ಆ ಲೋಕದಲ್ಲಿ ಬನದ ವಿಶೇಷ ಏನೆಂದರೆ ಅಲ್ಲಿ ಯಾರೂ ಮಂತ್ರ ಹಾಕುವುದಿಲ್ಲ. ಮಿಕ್ಕ ಗುರುಗಳ ಹತ್ತಿರ ಪಾಠವಿದೆ. ಗಾಳಿಯನ್ನು ಕಟ್ಟುವುದು, ರೂಪ ಬದಲಿಸುವುದು, ಸತ್ತವರನ್ನು ಕರೆಯುವುದು, ಒಂದು ಗೋಪುರದಲ್ಲಿ ಕೂತು ವಸ್ತುಗಳ ನಿಜವಾದ ಹೆಸರುಗಳ ಪಟ್ಟಿಯನ್ನು ಬಾಯಿಪಾಠ ಮಾಡುವುದು. ಬನದಲ್ಲಿ ಪಾಠವಿಲ್ಲ. ಸುಮ್ಮನೆ ಇರಬೇಕು, ನೋಡಬೇಕು. ನಮ್ಮ ಅಜ್ಜಿ ಹನ್ನೊಂದು ಚುಕ್ಕಿಯ ರಂಗೋಲಿ ಇಡುವಾಗ ಎಣಿಕೆ ಹೇಳಿಕೊಟ್ಟವರಲ್ಲ. ಪಕ್ಕದಲ್ಲಿ ಕೂತು ನೋಡುತ್ತಿದ್ದರೆ ಒಂದು ದಿನ ಕೈ ತಾನಾಗಿ ಎಳೆ ಹಿಡಿಯುತ್ತಿತ್ತು. ಅಂಥ ಕಲಿಕೆಗೆ ಸರ್ಟಿಫಿಕೇಟು ಇಲ್ಲ, ಆದ್ದರಿಂದ ಅದನ್ನು ವಿದ್ಯೆ ಎಂದು ಯಾರೂ ಲೆಕ್ಕಕ್ಕೆ ಹಿಡಿಯುವುದಿಲ್ಲ. ಗಂಡಸರೇ ತುಂಬಿದ ಶಾಲೆಯ ಪಕ್ಕದಲ್ಲಿ ಇಂಥ ಕಲಿಕೆಯ ಒಂದು ಜಾಗವನ್ನು 1968ರ ಲೆ ಗ್ವಿನ್ ಇಟ್ಟುಬಿಟ್ಟಿದ್ದರು. ಅದೇ ಮುಂದೆ ಕೆಲಸಕ್ಕೆ ಬಂದದ್ದು.

ಇನ್ನೊಂದು ಸೂಕ್ಷ್ಮವನ್ನು ಗಮನಿಸಬೇಕು. ಮೊದಲ ಪುಸ್ತಕದಲ್ಲಿ ಬನ ಜಾಗ ಬದಲಿಸುತ್ತದೆ, ಕೆಲವೊಮ್ಮೆ ಕಾಣುತ್ತದೆ, ಕೆಲವೊಮ್ಮೆ ಇಲ್ಲ ಎಂದು ಬರುತ್ತದೆ. ನಾಲ್ಕು ವರ್ಷಗಳ ಮೇಲೆ, 1972ರ 'ದ ಫಾರ್ದೆಸ್ಟ್ ಶೋರ್'ನಲ್ಲಿ, ಲೇಖಕಿ ಈ ಮಾತನ್ನು ತಿರುಗಿಸುತ್ತಾರೆ. ಬನ ನಡೆಯುತ್ತದೆ ಎಂಬುದು ಜನರ ತಪ್ಪು ಗ್ರಹಿಕೆ. ಅದು ಕದಲುವುದಿಲ್ಲ, ಕದಲುವುದು ಮಿಕ್ಕೆಲ್ಲ ಎನ್ನುತ್ತಾರೆ. ಮೊದಲು ಓದಿದಾಗ ಇದು ಜಾಣ ಮಾತು ಅನ್ನಿಸಬಹುದು. ಬಸ್ಸಿನಲ್ಲಿ ಕೂತವರಿಗೆ ಮರಗಳು ಓಡಿದಂತೆ ಕಾಣುವುದಿಲ್ಲವೇ, ಹಾಗೆ. ಆದರೆ ಆರೂ ಪುಸ್ತಕಗಳನ್ನು ಒಟ್ಟಿಗೆ ಇಟ್ಟುಕೊಂಡು ನೋಡಿದರೆ ಆ ಮಾತು ಅಕ್ಷರಶಃ ನಿಜವಾಗಿದೆ. ಅರ್ತ್‌ಸೀಯ ಸಾವಿನ ಕಲ್ಪನೆ ಬದಲಾಯಿತು, ಶಾಲೆಯ ಇತಿಹಾಸ ಬದಲಾಯಿತು, ಡ್ರ್ಯಾಗನ್ನುಗಳ ಹುಟ್ಟು ಬದಲಾಯಿತು, ನಾಯಕ ತನ್ನ ಶಕ್ತಿಯನ್ನೆಲ್ಲ ಕಳೆದುಕೊಂಡು ಮತ್ತೆ ಮೇಕೆಗಳ ಹತ್ತಿರ ಬಂದ. ಲೇಖಕಿ ಒಂದೊಂದಾಗಿ ಎಲ್ಲವನ್ನೂ ಕದಲಿಸಿದರು. ಬನ ಮಾತ್ರ ಇದ್ದ ಹಾಗೇ ಇತ್ತು.

ಕದಲಿಸುವ ಅಗತ್ಯವೇಕೆ ಬಂತು ಎಂಬುದನ್ನು ಲೆ ಗ್ವಿನ್ 1992ರಲ್ಲಿ ಆಕ್ಸ್‌ಫರ್ಡಿನಲ್ಲಿ ಮಾಡಿದ ಒಂದು ಭಾಷಣದಲ್ಲಿ ವಿವರಿಸಿದ್ದಾರೆ. ವೀರಗಾಥೆ ಎಂಬ ಪ್ರಕಾರವೇ ಗಂಡಸರದ್ದು. ಅದರೊಳಗೆ ಕೂತು ಬರೆದಾಗ ಹೆಂಗಸರು ಅಂಚಿಗೆ ಸರಿಯುವುದು ಸಹಜವಾಗಿ ಕಂಡಿತ್ತು. ಹೆಣ್ಣಾಗಿ ಬರೆಯುವುದನ್ನು ಸ್ತ್ರೀವಾದದಿಂದ ಕಲಿಯುವವರೆಗೆ ಮುಂದಿನ ಪುಸ್ತಕ ಸಾಧ್ಯವಾಗಲಿಲ್ಲ ಎಂಬುದು ಅದರ ತಾತ್ಪರ್ಯ. ಎರಡನೆಯ ಕಾದಂಬರಿಯಲ್ಲಿ (1971) ಟೆನಾರ್ ಎಂಬ ಹುಡುಗಿ ಇದ್ದಳು ನಿಜ. ಐದನೆಯ ವಯಸ್ಸಿಗೇ ತಾಯಿಯಿಂದ ಕಿತ್ತು ಒಂದು ಕತ್ತಲ ಗುಡಿಗೆ ಪೂಜಾರಿಣಿಯನ್ನಾಗಿ ಮಾಡಿದ್ದ ಹುಡುಗಿ. ಆದರೆ ಅವಳು ಹೊರಬರಲು ಒಬ್ಬ ಗೆಡ್ ಬರಬೇಕಾಯಿತು, ಹೊರಬಂದ ಮೇಲೆ ಅವಳ ಗತಿಯೇನು ಎಂಬುದನ್ನು ಮೂರನೆಯ ಪುಸ್ತಕ ಕೇಳಲೇ ಇಲ್ಲ.

ಹದಿನೆಂಟು ವರ್ಷಗಳ ನಂತರ, 1990ರಲ್ಲಿ, 'ಟೆಹಾನು' ಬಂತು. ನಮ್ಮಂಥವರು ನೇರವಾಗಿ ಇದರಿಂದಲೇ ಓದಲು ಶುರುಮಾಡಿದರೂ ನಷ್ಟವಿಲ್ಲ. ಟೆನಾರ್ ಈಗ ನಡುವಯಸ್ಸಿನ ವಿಧವೆ. ಹೊಲ ಮನೆ ನೋಡಿಕೊಂಡಿದ್ದಾಳೆ. ಮಗಳಿಗೆ ಮದುವೆಯಾಗಿದೆ. ಮಗ ಹಡಗಿನಲ್ಲಿದ್ದಾನೆ, ಮನೆಗೆ ಬಂದರೆ ತಿಂದ ತಟ್ಟೆ ಎತ್ತುವುದು ಹೆಂಗಸರ ಕೆಲಸ ಎಂದು ತಿಳಿದವನು. ಇಂಥ ಮಗನನ್ನು ಬೆಳೆಸಿದವಳು ನಾನೇ ಅಲ್ಲವೇ ಎಂದು ಅವಳು ಒಳಗೊಳಗೇ ನೋಯುತ್ತಾಳೆ. ಡ್ರ್ಯಾಗನ್ನುಗಳ ಕಥೆಯಲ್ಲಿ ಎಂಜಲು ತಟ್ಟೆ ಬಂದದ್ದನ್ನು ಕಂಡು ಮೂಗು ಮುರಿದ ಓದುಗರಿದ್ದಾರೆ. ನನಗೆ ಅದೇ ಅತ್ಯಂತ ಧೈರ್ಯದ ಪುಟವಾಗಿ ಕಂಡಿತು. ಅವಳು ಒಂದು ಮಗುವನ್ನು ಸಾಕಿಕೊಂಡಿದ್ದಾಳೆ. ಸ್ವಂತದವರೇ ಕೆಡಿಸಿ, ಬಡಿದು, ಬೆಂಕಿಗೆ ತಳ್ಳಿದ ಮಗು. ಅರ್ಧ ಮುಖ ಸುಟ್ಟುಹೋಗಿದೆ.

ಇತ್ತ ರೋಕ್‌ನಲ್ಲಿ ಮಹಾಮಾಂತ್ರಿಕನ ಪೀಠ ಖಾಲಿಯಾಗಿದೆ. ಗುರುಗಳೆಲ್ಲ ಸೇರಿದರೂ ಒಮ್ಮತವಾಗುವುದಿಲ್ಲ. ಆಗ ವಿನ್ಯಾಸದ ಗುರುವಿನ ಬಾಯಿಂದ ಒಂದು ಮಾತು ಬರುತ್ತದೆ: ಗಾಂಟ್ ದ್ವೀಪದ ಒಬ್ಬ ಹೆಂಗಸು ಎಂದು. ಅಷ್ಟೇ. ಗುರುಗಳು ಕಂಗಾಲಾಗುತ್ತಾರೆ. ಮಹಾಮಾಂತ್ರಿಕನ ಪೀಠಕ್ಕೆ ಒಬ್ಬ ಹೆಂಗಸು ಎಂಬುದು ಅವರ ಕಲ್ಪನೆಗೇ ನಿಲುಕುವುದಿಲ್ಲ. ಆ ಹೆಂಗಸು ಯಾರದೋ ಬಳಿಗೆ ದಾರಿ ತೋರಿಸುವವಳಿರಬೇಕು ಎಂದು ಅರ್ಥ ಹಚ್ಚಿಕೊಂಡು ಹಡಗು ಹತ್ತುತ್ತಾರೆ. ನಗು ಬರುವ ಸನ್ನಿವೇಶ, ಆದರೆ ಪೂರ್ತಿ ನಗಲಾಗುವುದಿಲ್ಲ. ಮಹಾಗೃಹದ ಯಾವ ಕೋಣೆಯೂ ಹೇಳಲಾರದ ಮಾತನ್ನು ಬನ ಹೇಳಿತು ಎಂಬುದನ್ನು ಮಾತ್ರ ಗಮನಿಸಿ. ಆ ಪುಸ್ತಕದ ಮುಖಪುಟದಲ್ಲಿ ಇದೇ ಅರ್ತ್‌ಸೀಯ ಕೊನೆಯ ಪುಸ್ತಕ ಎಂದು ಅಚ್ಚಾಗಿತ್ತು. ಬನ ಬಾಯಿ ಬಿಟ್ಟ ಮೇಲೆ ಅದು ಕೊನೆಯಾಗುವುದು ಹೇಗೆ? ಇನ್ನೂ ಎರಡು ಪುಸ್ತಕಗಳು ಬಂದವು.

ಕಥಾಸಂಕಲನದ (2001) ಮೊದಲ ಕಥೆ 'ದ ಫೈಂಡರ್' ಶಾಲೆ ಹುಟ್ಟಿದ ಕಾಲಕ್ಕೆ ಹೋಗುತ್ತದೆ. ಅಲ್ಲಿ ತಿಳಿಯುವುದೇನು? ರೋಕ್‌ನ ಶಾಲೆಯನ್ನು ಕಟ್ಟಿದವರಲ್ಲಿ ಹೆಂಗಸರೇ ಮುಂದಿದ್ದರು. ಮೆಡ್ರಾ ಎಂಬ ಅಲೆಮಾರಿ ಮಾಂತ್ರಿಕ ಅಲ್ಲಿಗೆ ಬಂದಾಗ ಅವನನ್ನು ಬನದೊಳಕ್ಕೆ ಕರೆದೊಯ್ಯುವವಳು ಎಂಬರ್ ಎಂಬ ಹೆಂಗಸು. ಶಾಲೆಗೆ ಮೊದಲ ದ್ವಾರಪಾಲಕನಾದವನು ಮೆಡ್ರಾ. ಹೆಂಗಸರು ಕಟ್ಟಿದ ಮನೆಯ ಬಾಗಿಲನ್ನು ಮುಂದಿನ ತಲೆಮಾರುಗಳ ಗಂಡಸರು ಹೆಂಗಸರಿಗೇ ಮುಚ್ಚಿದರು. ಮುಚ್ಚಿದ್ದು ಮರೆತೂ ಹೋಯಿತು. ಹುಡುಗಿಯರಿಗೆ ಇಲ್ಲಿ ಎಂದೂ ಜಾಗವಿರಲಿಲ್ಲ ಎಂಬುದೇ ಇತಿಹಾಸವಾಯಿತು. ತಾವೇ 1968ರಲ್ಲಿ ಕಟ್ಟಿದ ಸುಳ್ಳು ಇತಿಹಾಸದ ಅಡಿಪಾಯವನ್ನು ಅಗೆಯುವಾಗ ಲೆ ಗ್ವಿನ್ ಹಳೆಯ ಪುಸ್ತಕದ ಒಂದು ಸಾಲನ್ನೂ ಅಳಿಸಲಿಲ್ಲ. ಆ ಸಾಲುಗಳನ್ನು ಹೇಳಿದವರು ಯಾರು, ಅವರಿಗೆ ಎಷ್ಟು ಗೊತ್ತಿತ್ತು ಎಂದು ಕೇಳಿದರು, ಅಷ್ಟೇ. ಇದು ಕುಶಲತೆಯ ಮಾತಲ್ಲ, ಪ್ರಾಮಾಣಿಕತೆಯ ಮಾತು ಎಂದೇ ನಾನು ತಿಳಿದಿದ್ದೇನೆ.

ಅದೇ ಸಂಕಲನದಲ್ಲಿ 'ಡ್ರ್ಯಾಗನ್‌ಫ್ಲೈ' ಎಂಬ ಕಥೆಯಿದೆ. ಬೇರೊಂದು ಸಂಕಲನದಲ್ಲಿ ಮೊದಲು ಬಂದದ್ದು 1998ರಲ್ಲಿ. ಇರಿಯನ್ ಎಂಬ ಎತ್ತರದ, ಒರಟು ಹುಡುಗಿ ತಾನು ಯಾರು ಎಂದು ತಿಳಿಯಬೇಕೆಂದು ರೋಕ್‌ಗೆ ಬರುತ್ತಾಳೆ. ಗಂಡಿನ ವೇಷದ ಮಾಯೆ ಹೊದಿಸಿ ಕರೆತಂದವನೊಬ್ಬನಿದ್ದಾನೆ. ದ್ವಾರಪಾಲಕ ಅವಳ ನಿಜವಾದ ಹೆಸರು ಕೇಳುತ್ತಾನೆ, ಅವಳು ಹೇಳುತ್ತಾಳೆ, ಅವನು ಬಾಗಿಲು ತೆರೆಯುತ್ತಾನೆ. ಒಳಗಿನ ಗುರುಗಳಲ್ಲಿ ಒಡಕು. ನಿಯಮ ನಿಯಮವೇ ಎನ್ನುವವರು ಕೆಲವರು. ಕೊನೆಗೆ ಅವಳಿಗೆ ಸಿಗುವ ಜಾಗ ಯಾವುದು? ಮಹಾಗೃಹದ ನಿಯಮ ಮುಟ್ಟದ ಬನದ ಅಂಚು, ಅಲ್ಲೊಂದು ಪುಟ್ಟ ಗುಡಿಸಲು. ಅವಳು ದಿನಗಟ್ಟಲೆ ಮರಗಳ ಕೆಳಗೆ ಇರುತ್ತಾಳೆ. ವಿನ್ಯಾಸದ ಗುರು ಆಗಾಗ ಬಂದು ಜೊತೆಗೆ ನಡೆಯುತ್ತಾನೆ.

ಈ ಕಥೆಯನ್ನು ನಾನು ನಮ್ಮ ಊರಿನ ಮಹಿಳಾ ಸಮಾಜದ ಓದುಬಳಗದಲ್ಲಿ ಹೇಳಿದೆ. ಪುಸ್ತಕಗಳು ನನ್ನ ಅಕ್ಕನ ಮಗಳು ಹಾಸ್ಟೆಲ್ ಬಿಡುವಾಗ ನಮ್ಮ ಮನೆಯಲ್ಲಿ ಇಟ್ಟುಹೋದವು. ಇಂಗ್ಲಿಷ್ ಕಾದಂಬರಿ ಓದಿ ರೂಢಿಯಿಲ್ಲದವರೇ ಹೆಚ್ಚು, ಆದ್ದರಿಂದ ಹರಿಕಥೆಯ ಹಾಗೆ ಹೇಳಬೇಕಾಯಿತು. ಬನದ ವರ್ಣನೆಗೆ ಎಲ್ಲರೂ ತಲೆದೂಗಿದರು. ಇರಿಯನ್ ಗುಡಿಸಲಿಗೆ ಬಂದ ಕಡೆ ನಿವೃತ್ತ ಟೀಚರೊಬ್ಬರು ಕೈ ಎತ್ತಿದರು. ಎಪ್ಪತ್ತು ದಾಟಿದವರು, ಸಾಮಾನ್ಯವಾಗಿ ಕಡೆಯ ಸಾಲಿನಲ್ಲಿ ಕೂತು ಸುಮ್ಮನೆ ಕೇಳುವವರು.

"ಮನೆಯೊಳಗೆ ಸೇರಿಸಲಿಲ್ಲ ತಾನೆ? ಹಿತ್ತಿಲಲ್ಲಿ ಕೂರಿಸಿದರು. ನಮ್ಮನ್ನೂ ತಿಂಗಳಿಗೆ ಮೂರು ದಿನ ಹಾಗೇ ಕೂರಿಸುತ್ತಿದ್ದರು ಕಣಮ್ಮ. ಅಲ್ಲೂ ಮರಗಳಿದ್ದವು. ಗಾಳಿ ಚೆನ್ನಾಗಿತ್ತು."

ಯಾರೂ ನಗಲಿಲ್ಲ. ಆ ಮಾತನ್ನು ಪಕ್ಕಕ್ಕಿಟ್ಟು ಈ ಬನದ ಬಗ್ಗೆ ಬರೆಯುವುದು ನನ್ನಿಂದಾಗದು. ಅವರು ಬೆರಳಿಟ್ಟದ್ದು ಲೆ ಗ್ವಿನ್ ಅವರ ಕಲ್ಪನೆಯ ನಿಜವಾದ ಇಕ್ಕಟ್ಟಿನ ಮೇಲೆ. ಮನೆ, ವಿದ್ಯೆ, ಅಧಿಕಾರ, ಭಾಷೆ ಗಂಡಿಗೆ; ಕಾಡು, ಮೌನ, ಬೇರು, ಎಲೆ ಹೆಣ್ಣಿಗೆ. ಈ ಪಾಲುಪಟ್ಟಿ ಬಹಳ ಹಳೆಯದು, ಅದನ್ನು ಬರೆದವರೂ ಗಾದೆ ಕಟ್ಟಿದವರೇ. ಹೆಣ್ಣನ್ನು ಪ್ರಕೃತಿ ಎಂದು ಹೊಗಳಿ ಹೊರಗಿಡುವುದಕ್ಕೂ ಬೈದು ಹೊರಗಿಡುವುದಕ್ಕೂ ಹೊರಗಿರುವವಳಿಗೆ ಏನು ವ್ಯತ್ಯಾಸ? ಇನ್ನೂ ಒಂದು ಮಾತು. ಬನಕ್ಕೆ ಬಾಗಿಲಿಲ್ಲ ಎಂದು ನಾನು ಸಂಭ್ರಮಿಸುವಾಗ ನಮ್ಮ ನಾಡಿನ ದೇವರ ಕಾಡುಗಳಲ್ಲಿ ಕೆಲವಕ್ಕೆ ಹೆಂಗಸರು ಕಾಲಿಡಬಾರದೆಂಬ ಕಟ್ಟಳೆ ಇರುವುದನ್ನೂ ನೆನಪಿಡಬೇಕು. ಬಾಗಿಲೇ ಇಲ್ಲದ ಕಡೆಯೂ ಬಾಗಿಲು ಹಾಕಬಲ್ಲವರಿದ್ದಾರೆ.

ಲೆ ಗ್ವಿನ್ ಈ ಆಕ್ಷೇಪಣೆಗೆ ಉತ್ತರ ಕೊಡುತ್ತಾರೆಯೇ? ಅರ್ಧ ಕೊಡುತ್ತಾರೆ. ಇರಿಯನ್ ಬನದಲ್ಲೇ ಉಳಿಯುವುದಿಲ್ಲ. ಅವಳನ್ನು ದ್ವೀಪದಿಂದ ಅಟ್ಟಲು ಬಂದ ಗುರುವನ್ನು, ಸಾವಿನ ನಾಡಿಗೆ ಹೋಗಿ ಅಧಿಕಾರದ ಆಸೆಯಿಂದ ಹಿಂತಿರುಗಿದವನನ್ನು, ಅವಳು ರೋಕ್‌ನ ಗುಡ್ಡದ ಮೇಲೆ ಎದುರಿಸುತ್ತಾಳೆ. ಅಲ್ಲಿ ಯಾವುದೂ ತನ್ನ ನಿಜರೂಪವನ್ನು ಮರೆಸಲಾರದು. ಅವನು ಎಲುಬಿನ ರಾಶಿಯಾಗುತ್ತಾನೆ. ಅವಳು ಡ್ರ್ಯಾಗನ್ ಆಗಿ ಪಡುವಣಕ್ಕೆ ಹಾರಿಹೋಗುತ್ತಾಳೆ. ಉಳಿದವರು ಮಹಾಗೃಹಕ್ಕೆ ಮರಳಿ ಬಾಗಿಲುಗಳನ್ನು ತೆರೆಯುವ ಮಾತಾಡುತ್ತಾರೆ. ಭವ್ಯವಾದ ದೃಶ್ಯ, ಒಪ್ಪಿದೆ. ಆದರೆ ತೆರೆದ ಬಾಗಿಲಿನಿಂದ ಒಳಗೆ ಹೋಗಲು ಅವಳೇ ಅಲ್ಲಿಲ್ಲವಲ್ಲ! ಹೆಣ್ಣು ಒಂದೋ ಹೊರಗೆ ಕೂರಬೇಕು, ಇಲ್ಲವೇ ಆಕಾಶಕ್ಕೆ ಹಾರಬೇಕು. ನಡುವಿನ ಒಂದು ಬೆಂಚಿನ ಮೇಲೆ ಪುಸ್ತಕ ಹಿಡಿದು ಕೂರುವುದು ಮಾತ್ರ ಕಷ್ಟ. ಈ ಕಥೆಯ ಬಗ್ಗೆ ನನ್ನ ಅತೃಪ್ತಿ ಇದೇ. ಡ್ರ್ಯಾಗನ್ ಆಗಲಾರದ ಹುಡುಗಿಯರ ಪಾಡೇನು?

ಮಿಕ್ಕರ್ಧ ಉತ್ತರ ಕೊನೆಯ ಕಾದಂಬರಿ 'ದ ಅದರ್ ವಿಂಡ್'ನಲ್ಲಿದೆ (2001). ಈ ಸಲ ಟೆನಾರ್ ರೋಕ್‌ನ ನೆಲ ತುಳಿಯುತ್ತಾಳೆ. ಜೊತೆಗೆ ಆ ಸುಟ್ಟ ಮಗು, ಈಗ ಬೆಳೆದ ಹೆಣ್ಣು. ಇರಿಯನ್ ಕೂಡ ಮರಳಿದ್ದಾಳೆ. ಇನ್ನೊಬ್ಬಳು ಭಾಷೆ ಬಾರದ, ಮುಸುಕಿನೊಳಗಿನ ಪರದೇಶದ ರಾಜಕುಮಾರಿ. ಸತ್ತವರು ಎಡೆಬಿಡದೆ ಒಬ್ಬ ಬಡ ಮಾಂತ್ರಿಕನ ಕನಸಿಗೆ ಬಂದು ಬಿಡುಗಡೆ ಕೇಳುತ್ತಿದ್ದಾರೆ. ಸಾವಿನ ನಾಡಿನ ಸುತ್ತ ಇರುವ ಗೋಡೆಯನ್ನು ಕಟ್ಟಿದವರು ಯಾರು, ಏಕೆ ಎಂಬುದರ ವಿಚಾರಣೆ ನಡೆಯುವುದು ಎಲ್ಲಿ ಬಲ್ಲಿರಾ? ಬನದ ಮರಗಳ ಕೆಳಗೆ. ಗುರುಗಳೇ ಎದ್ದು ಅಲ್ಲಿಗೆ ಬರಬೇಕಾಗುತ್ತದೆ. ರಾಜ, ಮಾಂತ್ರಿಕರು, ಹೆಂಗಸರು ಒಂದೇ ನೆಲದ ಮೇಲೆ ಕೂರುತ್ತಾರೆ. ಸತ್ತವರು ಮತ್ತೆ ಹುಟ್ಟುತ್ತಾರೆ ಎಂಬ ಆ ರಾಜಕುಮಾರಿಯ ಜನರ ನಂಬಿಕೆಯನ್ನು ಪಂಡಿತರು ಕಾಡುಜನರ ಮಾತೆಂದು ತಳ್ಳಿಹಾಕಿದ್ದರು. ಸಾವನ್ನು ಗೆಲ್ಲುವ ಆಸೆಯಿಂದ ಹಿಂದಿನ ಮಾಂತ್ರಿಕರೇ ಆ ಬರಡು ನಾಡನ್ನು ಮಾಡಿದ್ದು ಎಂದು ಈಗ ಬಯಲಾಗುತ್ತದೆ. ಹಿತ್ತಿಲು ಎಂದುಕೊಂಡದ್ದೇ ನಡುಮನೆಯಾಯಿತು ಎಂದು ನಾನು ಟೀಚರಿಗೆ ಹೇಳಿದೆ. "ಮೂವತ್ತಮೂರು ವರ್ಷ ಬೇಕಾಯ್ತೇ?" ಎಂದರು ಅವರು.

ಗೋಡೆ ಕುಸಿದ ಮೇಲೆ ಟೆನಾರ್ ಗಾಂಟ್ ದ್ವೀಪಕ್ಕೆ, ಬೆಟ್ಟದ ಮೇಲಿನ ತನ್ನ ಸಣ್ಣ ಮನೆಗೆ ಮರಳುತ್ತಾಳೆ. ಹಿಂದೆ ಮಹಾಮಾಂತ್ರಿಕನಾಗಿದ್ದ ಗೆಡ್, ಈಗ ಅವಳ ಗಂಡ, ಅಷ್ಟು ದಿನ ಒಬ್ಬನೇ ಮೇಕೆಗಳನ್ನೂ ತೋಟವನ್ನೂ ನೋಡಿಕೊಂಡು ಇದ್ದಾನೆ. ನಾನಿಲ್ಲದಾಗ ಏನು ಮಾಡಿದೆ ಎಂದು ಅವಳು ಕೇಳಿದರೆ ಮನೆ ನೋಡಿಕೊಂಡೆ ಎನ್ನುತ್ತಾನೆ. ಕಾಡಿನಲ್ಲಿ ತಿರುಗಾಡಿದೆಯಾ ಎಂದು ಮತ್ತೆ ಕೇಳುತ್ತಾಳೆ. ಇನ್ನೂ ಇಲ್ಲ ಎನ್ನುತ್ತಾನೆ ಅವನು.